ಪಠ್ಯವಾದ ಕಾದಂಬರಿ, ವಿದ್ಯಾರ್ಥಿಯ ಕೈಯ ಪ್ರತಿ



ಕಾಲೇಜು ತೆರೆದು ಹದಿನೈದು ದಿನ ಕಳೆಯುವಷ್ಟರಲ್ಲಿ ತರಗತಿಯ ವಾಟ್ಸ್ಯಾಪ್ ಗುಂಪಿನಲ್ಲಿ ಒಂದು ಸಂದೇಶ ಕಾಣಿಸಿಕೊಳ್ಳುತ್ತದೆ: ‘ಕಾದಂಬರಿಯ ಪಿಡಿಎಫ್ ಯಾರ ಹತ್ರ ಇದೆ? ಇದ್ರೆ ಗ್ರೂಪಿಗೆ ಹಾಕಿ.’ ಸಂಜೆಯೊಳಗೆ ಯಾರೋ ಒಂದು ಕಡತ ಹಾಕುತ್ತಾರೆ. ಕೆಲವೊಮ್ಮೆ ಅದಕ್ಕೆ ಮುಖಪುಟ ಇರುವುದಿಲ್ಲ. ಕೆಲವೊಮ್ಮೆ ನಡುವೆ ಎರಡು ಪುಟ ಇರುವುದಿಲ್ಲ. ಕೆಲವೊಮ್ಮೆ ಸ್ಕ್ಯಾನ್ ಮಾಡಿದವರ ಹೆಬ್ಬೆರಳು ನಾಲ್ಕು ಸಾಲನ್ನು ಮುಚ್ಚಿರುತ್ತದೆ. ಆದರೂ ಆ ಕಡತ ಒಂದು ಕಾಲೇಜಿನಿಂದ ಇನ್ನೊಂದಕ್ಕೆ, ಈ ವರ್ಷದ ತರಗತಿಯಿಂದ ಮುಂದಿನ ವರ್ಷದ ತರಗತಿಗೆ ಸಾಗುತ್ತಲೇ ಇರುತ್ತದೆ.

ಇಂದಿನ ಉಪನ್ಯಾಸದ ವಿಷಯ ಆ ಕಡತ. ಅದನ್ನು ಕಳ್ಳಮಾಲು ಎಂದು ಬೈದು ಮುಗಿಸುವವರಿದ್ದಾರೆ. ಜ್ಞಾನ ಎಲ್ಲರದು ಎಂದು ಕೊಂಡಾಡಿ ಮುಗಿಸುವವರೂ ಇದ್ದಾರೆ. ಎರಡರಿಂದಲೂ ವಿದ್ಯಾರ್ಥಿಗೆ ಪುಸ್ತಕ ಸಿಗುವುದಿಲ್ಲ. ಇಲ್ಲಿ ಮೊದಲು ಈ ಹುಡುಕಾಟ ಹುಟ್ಟುವ ಕಾರಣವನ್ನು, ಆಮೇಲೆ ಕಾನೂನು ಬಿಟ್ಟುಕೊಟ್ಟಿರುವ ಜಾಗವನ್ನು, ಅನಂತರ ಒಳ್ಳೆಯ ಡಿಜಿಟಲ್ ಪ್ರತಿಯ ಲಕ್ಷಣವನ್ನು ನೋಡಿ, ಕಡೆಗೆ ಹೊಣೆ ಯಾರದು ಎಂಬ ಪ್ರಶ್ನೆಗೆ ಬರೋಣ. ಕೊನೆಯ ಪ್ರಶ್ನೆಗೆ ಈ ಉಪನ್ಯಾಸದ ಉತ್ತರವನ್ನು ಈಗಲೇ ಹೇಳಿಬಿಡುವುದು ಒಳ್ಳೆಯದು: ಕಾದಂಬರಿಯನ್ನು ಪಠ್ಯವೆಂದು ಗೊತ್ತುಪಡಿಸುವವರೇ ಅದರ ಪ್ರತಿ ವಿದ್ಯಾರ್ಥಿಗೆ ತಲುಪುವ ಹೊಣೆಯನ್ನೂ ಹೊರಬೇಕು.

ಹುಡುಕಾಟ ಎಲ್ಲಿಂದ ಶುರುವಾಗುತ್ತದೆ? ಕನ್ನಡದಲ್ಲಿ ಕಾದಂಬರಿಯ ಒಂದು ಮುದ್ರಣವೆಂದರೆ ಬಹುಕಾಲದಿಂದ ಸಾವಿರ ಪ್ರತಿಯ ಲೆಕ್ಕ. ಅದಕ್ಕಿಂತ ಕಡಿಮೆ ಅಚ್ಚಾಗುವ ಪುಸ್ತಕಗಳೂ ಬೇಕಾದಷ್ಟಿವೆ. ಆ ಪ್ರತಿಗಳು ಬೆಂಗಳೂರು, ಮೈಸೂರು, ಧಾರವಾಡದ ಅಂಗಡಿಗಳಲ್ಲಿ, ಗ್ರಂಥಾಲಯದ ಸಗಟು ಖರೀದಿಯಲ್ಲಿ ಕೆಲವು ವರ್ಷಗಳ ಕಾಲ ನಿಧಾನವಾಗಿ ಖರ್ಚಾಗುತ್ತವೆ. ಅಂಥ ಪುಸ್ತಕ ಪಠ್ಯವಾಯಿತೆನ್ನಿ. ಒಂದೇ ವಿಶ್ವವಿದ್ಯಾಲಯದ ಹತ್ತಾರು ಕಾಲೇಜುಗಳಿಂದ ಒಂದೇ ತಿಂಗಳಲ್ಲಿ ಬೇಡಿಕೆ ಏಳುತ್ತದೆ. ಪ್ರಕಾಶಕರು ಕಾಗದ ಹೊಂದಿಸಿ, ಅಚ್ಚು ಹಾಕಿಸಿ, ತಾಲ್ಲೂಕು ಕೇಂದ್ರದ ಅಂಗಡಿಗೆ ಮುಟ್ಟಿಸುವ ಹೊತ್ತಿಗೆ ಆಂತರಿಕ ಪರೀಕ್ಷೆ ಮುಗಿದಿರುತ್ತದೆ. ಕಾಲೇಜಿನ ಗ್ರಂಥಾಲಯದಲ್ಲಿ ಎರಡೋ ಮೂರೋ ಪ್ರತಿ ಇದ್ದರೆ ಮೊದಲು ಹೋದವರ ಪಾಲಿಗೆ.

ತಡವಾಗದೆ ಬರುವುದು ಗೈಡು. ಕಥೆಯ ಸಾರಾಂಶ, ಪಾತ್ರಗಳ ಪರಿಚಯ, ಐದಂಕದ ಪ್ರಶ್ನೆ, ಹತ್ತಂಕದ ಪ್ರಶ್ನೆ, ಎಲ್ಲವೂ ಅದರಲ್ಲಿ ಸಿದ್ಧವಾಗಿರುತ್ತವೆ. ಕಾದಂಬರಿಯನ್ನು ಮುಟ್ಟದೆ ಪಾಸಾಗಲು ಅಷ್ಟು ಸಾಕು. ಹಾಗಿದ್ದೂ ಗುಂಪಿನಲ್ಲಿ ಪಿಡಿಎಫ್ ಕೇಳುವ ಹುಡುಗಿ ಗೈಡನ್ನು ಬಿಟ್ಟು ಕಾದಂಬರಿಯನ್ನೇ ಕೇಳುತ್ತಿದ್ದಾಳೆ ಎಂಬುದನ್ನು ಅಧ್ಯಾಪಕರು ಗಮನಿಸಬೇಕು. ಅವಳಿಗೆ ಮೂಲವೇ ಬೇಕು. ಆ ಬಯಕೆಗೆ ಗೌರವ ಕೊಡುವಲ್ಲಿಂದ ಈ ಚರ್ಚೆ ಆರಂಭವಾಗಬೇಕು.

ಈ ಕೊರತೆಗೆ ಪ್ರತಿಯಾಗಿ ನಮ್ಮಲ್ಲೇ ಒಂದು ಒಳ್ಳೆಯ ಮಾದರಿ ಇದೆ. ಪದವಿಪೂರ್ವ ಶಿಕ್ಷಣದ ಕನ್ನಡ ಪಠ್ಯದಲ್ಲಿ ಮೊದಲ ವರ್ಷಕ್ಕೆ ಚಂದ್ರಶೇಖರ ಕಂಬಾರರ ‘ಬೋಳೇಶಂಕರ’ ನಾಟಕವನ್ನೂ ಎರಡನೆಯ ವರ್ಷಕ್ಕೆ ಪೂರ್ಣಚಂದ್ರ ತೇಜಸ್ವಿಯವರ ‘ಕೃಷ್ಣೇಗೌಡನ ಆನೆ’ಯನ್ನೂ ಇಡಿಯಾಗಿ ಪಠ್ಯಪುಸ್ತಕದಲ್ಲೇ ಅಚ್ಚು ಹಾಕಲಾಯಿತು. ಅನುಮತಿ ಕೇಳುವ ಕೆಲಸ ಮೇಲಿನ ಮಟ್ಟದಲ್ಲಿ ಒಮ್ಮೆ ನಡೆದುಹೋಯಿತು. ಪಠ್ಯಪುಸ್ತಕದ ಪಿಡಿಎಫ್ ಅಂತರ್ಜಾಲದಲ್ಲಿ ದೊರೆಯಿತು. ಬೀದರಿನ ವಿದ್ಯಾರ್ಥಿಗೂ ಮಡಿಕೇರಿಯ ವಿದ್ಯಾರ್ಥಿಗೂ ಒಂದೇ ಪಾಠ, ಒಂದೇ ಪುಟಸಂಖ್ಯೆ. ಆನೆಯ ಕಥೆಯನ್ನು ಹುಡುಕಿಕೊಂಡು ಯಾರೂ ಅಲೆಯಬೇಕಾಗಲಿಲ್ಲ. ಪದವಿ ತರಗತಿಗೆ ಬಂದ ಕೂಡಲೇ ಈ ವ್ಯವಸ್ಥೆ ತಪ್ಪಿಹೋಗುತ್ತದೆ. ಪಠ್ಯಕ್ರಮದ ಹಾಳೆಯಲ್ಲಿ ಕಾದಂಬರಿಯ ಹೆಸರು ಮಾತ್ರ ಉಳಿಯುತ್ತದೆ.

ಕೊರತೆ ಕನ್ನಡದ್ದು ಮಾತ್ರ ಎಂದು ಯಾರೂ ಕುಗ್ಗಬೇಕಾಗಿಲ್ಲ. ಅಮೆರಿಕದ ಶಾಲೆಗಳಲ್ಲಿ ಅತ್ಯಂತ ಹೆಚ್ಚು ಪಾಠವಾಗುವ ಕಾದಂಬರಿಗಳಲ್ಲೊಂದು ಹಾರ್ಪರ್ ಲೀ ಅವರ ‘ಟು ಕಿಲ್ ಎ ಮಾಕಿಂಗ್‌ಬರ್ಡ್’. 1960ರಲ್ಲಿ ಬಂದ ಆ ಪುಸ್ತಕದ ಅಧಿಕೃತ ಇ-ಪುಸ್ತಕ ಹೊರಬಂದದ್ದು 2014ರಲ್ಲಿ. ಅಲ್ಲಿಯವರೆಗೆ ಅಂತರ್ಜಾಲದಲ್ಲಿ ಅದನ್ನು ಹುಡುಕಿದ ಮಕ್ಕಳಿಗೆ ನ್ಯಾಯವಾದ ದಾರಿಯೇ ಇರಲಿಲ್ಲ.

ಇನ್ನು ಎರಡನೆಯ ವಿಷಯಕ್ಕೆ, ಕಾನೂನಿಗೆ ಬರೋಣ. ಇಲ್ಲಿ ಕೊಂಚ ನಿಧಾನವಾಗಿ ಹೋಗುವುದು ಅಗತ್ಯ. ಗುಂಪುಗಳಲ್ಲಿ ಓಡಾಡುವ ಭಯವೂ ಉಡಾಫೆಯೂ ಬಹುಪಾಲು ಕಾನೂನನ್ನು ಓದದೆ ಹುಟ್ಟಿದವು.

ಭಾರತದ ಹಕ್ಕುಸ್ವಾಮ್ಯ ಕಾಯ್ದೆ 1957ರದು. ಲೇಖಕರ ಜೀವಿತಕಾಲದಲ್ಲಿ ಪ್ರಕಟವಾದ ಕೃತಿಯ ಹಕ್ಕು ಅವರು ತೀರಿಕೊಂಡ ವರ್ಷದ ಮುಂದಿನ ಜನವರಿಯಿಂದ ಅರವತ್ತು ವರ್ಷ ಇರುತ್ತದೆ. ಮೊದಲು ಈ ಅವಧಿ ಐವತ್ತು ವರ್ಷವಿತ್ತು. ರವೀಂದ್ರನಾಥ ಠಾಕೂರರು ತೀರಿಕೊಂಡದ್ದು 1941ರಲ್ಲಿ. ಅವರ ಕೃತಿಗಳ ಹಕ್ಕು 1991ರ ಕೊನೆಗೆ ಮುಗಿಯಬೇಕಿತ್ತು. ಆ ಡಿಸೆಂಬರಿನ ಕೊನೆಯ ದಿನಗಳಲ್ಲಿ ಸುಗ್ರೀವಾಜ್ಞೆ ಬಂದು, ಮರುವರ್ಷ ತಿದ್ದುಪಡಿಯಾಗಿ, ಅವಧಿ ಅರವತ್ತಕ್ಕೆ ಏರಿತು. ವಿಶ್ವಭಾರತಿಯ ಬಳಿಯಿದ್ದ ಠಾಕೂರರ ಹಕ್ಕು ಹೀಗೆ 2001ರ ಕೊನೆಯವರೆಗೆ ಉಳಿಯಿತು. ಒಬ್ಬ ಲೇಖಕರ ಕೃತಿಗಳ ಕಾರಣಕ್ಕೆ ದೇಶದ ಎಲ್ಲ ಲೇಖಕರಿಗೂ ಹತ್ತು ವರ್ಷ ಸೇರಿತು.

ಈ ಲೆಕ್ಕವನ್ನು ಕನ್ನಡ ಕಾದಂಬರಿಗೆ ಹಚ್ಚಿ ನೋಡಿದರೆ ಚಿತ್ರ ಸ್ಪಷ್ಟವಾಗುತ್ತದೆ. 1899ರಲ್ಲಿ ಮಂಗಳೂರಿನ ಬಾಸೆಲ್ ಮಿಷನ್ ಮುದ್ರಣಾಲಯದಲ್ಲಿ ಅಚ್ಚಾದ ಗುಲ್ವಾಡಿ ವೆಂಕಟರಾಯರ ‘ಇಂದಿರಾಬಾಯಿ’, ಎಂ. ಎಸ್. ಪುಟ್ಟಣ್ಣನವರ ‘ಮಾಡಿದ್ದುಣ್ಣೋ ಮಹಾರಾಯ’, ಕೆರೂರು ವಾಸುದೇವಾಚಾರ್ಯರ ‘ಇಂದಿರೆ’, ಗಳಗನಾಥರ ಐತಿಹಾಸಿಕ ಕಾದಂಬರಿಗಳು, ಇವೆಲ್ಲ ಎಂದೋ ಸಾರ್ವಜನಿಕ ಸ್ವತ್ತಾಗಿವೆ. ಕನ್ನಡ ಕಾದಂಬರಿಯ ಹುಟ್ಟನ್ನು ಪಾಠ ಮಾಡುವ ಯಾವ ಅಧ್ಯಾಪಕರೂ ಈ ಪುಸ್ತಕಗಳ ಪ್ರತಿಯನ್ನು ಹಂಚಲು ಯಾರನ್ನೂ ಕೇಳಬೇಕಾಗಿಲ್ಲ.

ಈಚೆಗೆ ಈ ಸಾಲಿಗೆ ಇಬ್ಬರು ದೊಡ್ಡವರು ಸೇರಿದರು. ‘ಮಹಾಬ್ರಾಹ್ಮಣ’ದ ದೇವುಡು ನರಸಿಂಹಶಾಸ್ತ್ರಿಗಳು ತೀರಿಕೊಂಡದ್ದು 1962ರಲ್ಲಿ, ಅವರ ಜೀವಿತಕಾಲದ ಪ್ರಕಟಣೆಗಳು 2023ರ ಜನವರಿ 1ರಿಂದ ಮುಕ್ತ. ಮರುವರ್ಷದ ಜನವರಿ 1ರಂದು ತ್ರಿವೇಣಿ. 1928ರಲ್ಲಿ ಹುಟ್ಟಿದ ತ್ರಿವೇಣಿ 1963ರ ಜುಲೈಯಲ್ಲಿ, ಮೂವತ್ತೈದು ತುಂಬುವ ಮೊದಲೇ ತೀರಿಕೊಂಡರು. ‘ಬೆಳ್ಳಿಮೋಡ’, ‘ಶರಪಂಜರ’ಗಳನ್ನು ಪುಟ್ಟಣ್ಣ ಕಣಗಾಲರ ಚಿತ್ರಗಳ ಮೂಲಕ ಕರ್ನಾಟಕ ಮನೆಮನೆಯಲ್ಲಿ ಬಲ್ಲದು. ಹೆಣ್ಣಿನ ಮನಸ್ಸಿನ ಒಳಸುಳಿಗಳನ್ನು ಅಷ್ಟು ನೇರವಾಗಿ ಬರೆದ ಲೇಖಕಿಯ ಕಾದಂಬರಿಗಳು ಮುಕ್ತವಾದ ದಿನ ನಾಡಿನ ಕನ್ನಡ ವಿಭಾಗಗಳಿಗೆ ಒಂದು ಹಬ್ಬವಾಗಬೇಕಿತ್ತು. ಒಂದು ಎಚ್ಚರಿಕೆ ಮಾತ್ರ ಬೇಕು: ಲೇಖಕರು ತೀರಿಕೊಂಡ ಮೇಲೆ ಮೊದಲ ಬಾರಿಗೆ ಪ್ರಕಟವಾದ ಕೃತಿಗೆ ಅರವತ್ತು ವರ್ಷದ ಎಣಿಕೆ ಪ್ರಕಟಣೆಯಿಂದ ಶುರುವಾಗುತ್ತದೆ. ಹೊಸ ಮುದ್ರಣದ ಮುನ್ನುಡಿಗೆ, ಮುಖಪುಟದ ಚಿತ್ರಕ್ಕೆ ಬೇರೆ ಹಕ್ಕುದಾರರಿರುತ್ತಾರೆ. ಹಾಗಾಗಿ ಯಾವ ಮುದ್ರಣವನ್ನು ಸ್ಕ್ಯಾನ್ ಮಾಡುತ್ತಿದ್ದೇವೆ ಎಂದು ನೋಡಿಕೊಳ್ಳಬೇಕು.

ಉಳಿದವರು ದೂರದಲ್ಲಿದ್ದಾರೆ. ಮಾಸ್ತಿಯವರ ‘ಚಿಕವೀರ ರಾಜೇಂದ್ರ’ಕ್ಕೆ 2046ರ ಕೊನೆಯವರೆಗೆ, ಕುವೆಂಪು ಅವರ ಎರಡು ಕಾದಂಬರಿಗಳಿಗೆ 2054ರ ಕೊನೆಯವರೆಗೆ, ಕಾರಂತರ ‘ಚೋಮನ ದುಡಿ’ಗೆ 2057ರ ಕೊನೆಯವರೆಗೆ, ತೇಜಸ್ವಿಯವರ ‘ಕರ್ವಾಲೊ’ಗೆ 2067ರ ಕೊನೆಯವರೆಗೆ ಹಕ್ಕು ಜೀವಂತವಾಗಿರುತ್ತದೆ. ‘ಚೋಮನ ದುಡಿ’ ಬಂದದ್ದು 1933ರಲ್ಲಿ. ಪುಸ್ತಕಕ್ಕೆ ತೊಂಬತ್ತು ದಾಟಿದೆ, ಆದ್ದರಿಂದ ಯಾರು ಬೇಕಾದರೂ ಹಾಕಬಹುದು ಎಂದು ಭಾವಿಸುವವರು ಅನೇಕರು. ಹಳೆಯ ಪುಸ್ತಕವೆಲ್ಲ ಮುಕ್ತ ಪುಸ್ತಕವಾಗುವುದಿಲ್ಲ. ನೋಡಬೇಕಾದದ್ದು ಲೇಖಕರು ಕಾಲವಾದ ವರ್ಷವನ್ನು.

ಇಂಗ್ಲಿಷ್ ವಿಭಾಗದವರಿಗೆ ಇನ್ನೊಂದು ತೊಡಕು ಇದೆ. ಜಾರ್ಜ್ ಆರ್ವೆಲ್ 1950ರ ಜನವರಿಯಲ್ಲಿ ತೀರಿಕೊಂಡರು. ಭಾರತದಲ್ಲಿ ಅವರ ‘ಅನಿಮಲ್ ಫಾರ್ಮ್’ 2011ರಿಂದಲೇ ಮುಕ್ತ. ಎಪ್ಪತ್ತು ವರ್ಷದ ನಿಯಮವಿರುವ ಬ್ರಿಟನ್ನಿನಲ್ಲಿ 2021ರಿಂದ. ಅಮೆರಿಕದಲ್ಲಿ ಪ್ರಕಟಣೆಯಿಂದ ತೊಂಬತ್ತೈದು ವರ್ಷ ಎಣಿಸುವುದರಿಂದ 2040 ಮುಗಿಯುವವರೆಗೆ ಕಾಯಬೇಕು. ಡೆಲವೇರಿನಲ್ಲಿ ನೆಲೆಸಿರುವ ಕನ್ನಡಿಗರ ಮಗ ತನ್ನ ಶಾಲೆಯ ಪಾಠಕ್ಕೆಂದು ದಾವಣಗೆರೆಯ ಸೋದರಮಾವನಿಂದ ಈ ಪುಸ್ತಕದ ಕಡತ ತರಿಸಿಕೊಂಡರೆ, ಕಳಿಸಿದ ಕಡೆ ಸರಿಯಾದದ್ದು ತಲುಪಿದ ಕಡೆ ತೊಡಕಾಗುತ್ತದೆ.

ಹಕ್ಕು ಇನ್ನೂ ಇರುವ ಕೃತಿಗಳ ವಿಚಾರದಲ್ಲೂ ಕಾಯ್ದೆ ಬಾಗಿಲನ್ನು ಪೂರ್ತಿ ಮುಚ್ಚಿಲ್ಲ. ಅದರ 52ನೇ ಕಲಂ ಓದಿದವರಿಗೆ ಧೈರ್ಯ ಬರುತ್ತದೆ. ಬೋಧನೆಯ ಸಂದರ್ಭದಲ್ಲಿ ಅಧ್ಯಾಪಕರಾಗಲಿ ವಿದ್ಯಾರ್ಥಿಯಾಗಲಿ ಕೃತಿಯ ಪ್ರತಿ ಮಾಡಿಕೊಳ್ಳುವುದು ಉಲ್ಲಂಘನೆಯಲ್ಲ ಎಂದು ಅಲ್ಲಿದೆ. ಲಾಭದ ಉದ್ದೇಶವಿಲ್ಲದ ಸಾರ್ವಜನಿಕ ಗ್ರಂಥಾಲಯ ತನ್ನಲ್ಲಿ ಮುದ್ರಿತ ಪ್ರತಿ ಇರುವ ಪುಸ್ತಕವನ್ನು ಸಂರಕ್ಷಣೆಗಾಗಿ ಡಿಜಿಟಲ್ ರೂಪದಲ್ಲಿ ಇಟ್ಟುಕೊಳ್ಳಬಹುದು. ಭಾರತದಲ್ಲಿ ಮಾರಾಟಕ್ಕೆ ಸಿಗದ ಪುಸ್ತಕವಾದರೆ ಅಂಥ ಗ್ರಂಥಾಲಯ ತನ್ನ ಬಳಕೆಗೆ ಮೂರು ಪ್ರತಿಗಳವರೆಗೆ ಮಾಡಿಕೊಳ್ಳಬಹುದು. ಅಚ್ಚಿನಲ್ಲಿಲ್ಲದ ಕಾದಂಬರಿ ಪಠ್ಯವಾದಾಗ ನೆನಪಾಗಬೇಕಾದ ಮಾತು ಇದು.

ಬೋಧನೆಯ ಈ ವಿನಾಯಿತಿ ಎಷ್ಟು ದೂರ ಹೋಗುತ್ತದೆ ಎಂಬುದು ದೆಹಲಿಯಲ್ಲಿ ಪರೀಕ್ಷೆಗೆ ಬಂತು. ದೆಹಲಿ ಸ್ಕೂಲ್ ಆಫ್ ಎಕನಾಮಿಕ್ಸ್‌ನ ಆವರಣದಲ್ಲಿ ರಾಮೇಶ್ವರಿ ಫೋಟೋಕಾಪಿ ಸರ್ವಿಸ್ ಎಂಬ ಜೆರಾಕ್ಸ್ ಅಂಗಡಿ ಇತ್ತು. ಅಧ್ಯಾಪಕರು ಪಠ್ಯಕ್ರಮಕ್ಕೆ ಬೇಕಾದ ಅಧ್ಯಾಯಗಳ ಪಟ್ಟಿ ಕೊಡುತ್ತಿದ್ದರು. ಅಂಗಡಿಯವರು ಅವನ್ನು ನಕಲು ಮಾಡಿ ಒಂದು ಕಟ್ಟಾಗಿ ಹೊಲಿದು ಕೊಡುತ್ತಿದ್ದರು. 2012ರಲ್ಲಿ ಆಕ್ಸ್‌ಫರ್ಡ್, ಕೇಂಬ್ರಿಜ್, ಟೇಲರ್ ಅಂಡ್ ಫ್ರಾನ್ಸಿಸ್ ಪ್ರಕಾಶನಗಳು ಅಂಗಡಿಯನ್ನೂ ವಿಶ್ವವಿದ್ಯಾಲಯವನ್ನೂ ನ್ಯಾಯಾಲಯಕ್ಕೆ ಎಳೆದವು. ಆ ಪ್ರಕಾಶಕರಿಗೆ ಪುಸ್ತಕ ಬರೆದುಕೊಟ್ಟಿದ್ದ ಅಮರ್ತ್ಯ ಸೇನ್ ಅವರೇ ಮೊಕದ್ದಮೆ ಕೈಬಿಡಿ ಎಂದು ಕೇಳಿಕೊಂಡರು. 2016ರ ಸೆಪ್ಟೆಂಬರಿನಲ್ಲಿ ದೆಹಲಿ ಉಚ್ಚ ನ್ಯಾಯಾಲಯದ ಏಕಸದಸ್ಯ ಪೀಠ ದಾವೆಯನ್ನು ವಜಾ ಮಾಡಿತು. ಡಿಸೆಂಬರಿನಲ್ಲಿ ವಿಭಾಗೀಯ ಪೀಠ, ಎಷ್ಟು ಪುಟ ನಕಲಾಯಿತು ಎಂಬುದಕ್ಕಿಂತ ಬೋಧನೆಗೆ ಅದು ಅಗತ್ಯವಿತ್ತೇ ಎಂಬುದೇ ಅಳತೆಗೋಲು ಎಂದು ಹೇಳಿ, ಅಗತ್ಯವಿತ್ತೇ ಎಂಬ ವಾಸ್ತವಾಂಶದ ವಿಚಾರಣೆಗೆ ಪ್ರಕರಣವನ್ನು ಹಿಂದಿರುಗಿಸಿತು. ಮರುವರ್ಷ ಪ್ರಕಾಶಕರು ದಾವೆಯನ್ನೇ ಹಿಂತೆಗೆದುಕೊಂಡರು.

ಆದರೆ ಆ ಕಟ್ಟುಗಳಲ್ಲಿದ್ದದ್ದು ಪುಸ್ತಕಗಳ ಆಯ್ದ ಭಾಗಗಳು. ಅಂಗಡಿಯಲ್ಲಿ ಕೈಗೆಟಕುವ ಬೆಲೆಗೆ ಸಿಗುವ ಇಡೀ ಕಾದಂಬರಿಯನ್ನು ತರಗತಿಗೆಲ್ಲ ಹಂಚಲು ಆ ತೀರ್ಪನ್ನು ತೋರಿಸುವುದು ಪ್ರಾಮಾಣಿಕ ವಾದವಾಗಲಾರದು. ತನ್ನ ತರಗತಿಯ ನಲವತ್ತು ಮಕ್ಕಳಿಗೆ ಪಾಠದ ಭಾಗವಾಗಿ ಕೊಡುವುದು ಒಂದು. ಯಾರು ಬೇಕಾದರೂ ಸೇರಬಹುದಾದ ಟೆಲಿಗ್ರಾಂ ಚಾನೆಲ್ಲಿಗೆ ಏರಿಸುವುದು ಇನ್ನೊಂದು. 2022ರ ಆಗಸ್ಟಿನಲ್ಲಿ, ಒಬ್ಬ ಬೋಧಕಿಯ ಪಾಠದ ಸಾಮಗ್ರಿಯನ್ನು ಹಾಗೆ ಹಂಚಿದವರ ವಿವರ ಕೊಡುವಂತೆ ದೆಹಲಿ ಉಚ್ಚ ನ್ಯಾಯಾಲಯ ಟೆಲಿಗ್ರಾಂ ಕಂಪನಿಗೆ ಆದೇಶಿಸಿತು. ಕಂಪನಿ ವಿವರವನ್ನು ನ್ಯಾಯಾಲಯಕ್ಕೆ ಒಪ್ಪಿಸಿತು. ಹೆಸರು ಮರೆಮಾಡಿದರೆ ಹೊಣೆ ಮರೆಯಾಗುತ್ತದೆ ಎಂದು ನಂಬಿರುವ ವಿದ್ಯಾರ್ಥಿಗಳು ಇದನ್ನು ತಿಳಿದಿರಬೇಕು.

ಇದರ ಹಿಂದೆ ಇನ್ನೊಂದು ನೋವಿದೆ. ಕನ್ನಡದಲ್ಲಿ ಬಹುಪಾಲು ಪ್ರಕಾಶಕರು ಒಂದು ಕೋಣೆಯ, ಒಂದು ಕುಟುಂಬದ ಪ್ರಕಾಶಕರು. ಪಠ್ಯವಾಗುವುದು ಒಂದು ಪುಸ್ತಕದ ಬಾಳಿನಲ್ಲಿ ಅಪರೂಪಕ್ಕೆ ಬರುವ ಸುಗ್ಗಿ. ಆ ವರ್ಷವೇ ಕೆಟ್ಟ ಸ್ಕ್ಯಾನ್ ಊರೆಲ್ಲ ಹರಡಿದರೆ ಲೇಖಕರಿಗೂ ಪ್ರಕಾಶಕರಿಗೂ ಆಗುವ ನಷ್ಟ ದೊಡ್ಡದು. ಜೀವಂತ ಲೇಖಕರ ಪುಸ್ತಕವನ್ನು ಪಾಠ ಮಾಡುವ ಸಂಸ್ಥೆಗೆ ಆ ಲೇಖಕರ ಅನ್ನದ ಬಗ್ಗೆಯೂ ಕಾಳಜಿ ಇರಬೇಕಲ್ಲವೇ?

ಮೂರನೆಯದಾಗಿ, ಪ್ರತಿಯ ಗುಣ. ಈ ವಿಷಯವನ್ನು ಸಾಹಿತ್ಯದ ಸಭೆಗಳು ತಾಂತ್ರಿಕವೆಂದು ಪಕ್ಕಕ್ಕಿಡುತ್ತವೆ. ಓದುವವರ ಕಷ್ಟವೆಲ್ಲ ಇಲ್ಲೇ ಇದೆ.

ಗುಂಪಿನಲ್ಲಿ ಓಡಾಡುವ ಕಡತ ಸಾಮಾನ್ಯವಾಗಿ ಪುಟಗಳ ಫೋಟೋಗಳ ಸರಮಾಲೆ. ಹತ್ತಾರು ಎಂಬಿ ತೂಗುತ್ತದೆ. ಅಗ್ಗದ ಫೋನಿನಲ್ಲಿ ತೆರೆಯಲು ತಿಣುಕುತ್ತದೆ. ಆರು ಅಂಗುಲದ ಪರದೆಯಲ್ಲಿ ಪುಟವನ್ನು ಹಿಗ್ಗಿಸಿ, ಸಾಲಿನ ಕೊನೆಗೆ ಜಾರಿಸಿ, ಮತ್ತೆ ಮೊದಲಿಗೆ ಎಳೆದು ಓದಬೇಕು. ಒಂದು ಪದವನ್ನು ಹುಡುಕಲಾಗುವುದಿಲ್ಲ, ಒಂದು ವಾಕ್ಯವನ್ನು ಟಿಪ್ಪಣಿಗೆ ಎತ್ತಿಕೊಳ್ಳಲಾಗುವುದಿಲ್ಲ. ಅದೇ ಕಾದಂಬರಿ ಯೂನಿಕೋಡ್ ಪಠ್ಯವಾಗಿ, ಇ-ಪಬ್ ರೂಪದಲ್ಲಿದ್ದರೆ ಚಿಕ್ಕ ಫೋಟೋದಷ್ಟೇ ತೂಗುತ್ತದೆ. ಅಕ್ಷರ ದೊಡ್ಡದು ಮಾಡಿದರೆ ಸಾಲುಗಳು ತಾವೇ ಹೊಂದಿಕೊಳ್ಳುತ್ತವೆ.

ಫೋಟೋವನ್ನು ಪಠ್ಯವಾಗಿಸುವ ತಂತ್ರಕ್ಕೆ ಓಸಿಆರ್ ಎನ್ನುತ್ತಾರೆ. ಇಂಗ್ಲಿಷಿಗೆ ಅದು ಹಳೆಯ ಸಂಗತಿ. ಕನ್ನಡಕ್ಕೂ ಟೆಸೆರಾಕ್ಟ್‌ನಂಥ ಮುಕ್ತ ತಂತ್ರಾಂಶ, ಗೂಗಲ್ ಸೌಲಭ್ಯ ಈಗ ಇವೆ. ಆದರೆ ಮೊಳೆ ಜೋಡಿಸಿ ಅಚ್ಚಿಸಿದ ಹಳೆಯ ಪುಸ್ತಕಗಳ ಮುಂದೆ ಯಂತ್ರ ತಡವರಿಸುತ್ತದೆ. ಮಸಿ ಹರಡಿದ ಪುಟದಲ್ಲಿ ಪ ಮತ್ತು ಷ, ಥ ಮತ್ತು ಧ, ರ ಮತ್ತು ಠ ಅದಲುಬದಲಾಗುತ್ತವೆ. ಒತ್ತಕ್ಷರ ಕೆಳಗಿನ ಸಾಲಿಗೆ ಅಂಟುತ್ತದೆ. ಅರ್ಕಾವತ್ತನ್ನು ಯಂತ್ರ ಕನ್ನಡದ ಒಂಬತ್ತು ಎಂದು ಓದಿ ‘ಧರ್ಮ’ವನ್ನು ‘ಧಮ೯’ ಮಾಡುತ್ತದೆ, ಅನುಸ್ವಾರ ಸೊನ್ನೆಯಾಗುತ್ತದೆ. ಕಣ್ಣಿಗೆ ಎರಡೂ ಒಂದೇ, ಹುಡುಕುವ ಯಂತ್ರಕ್ಕೆ ಬೇರೆ ಬೇರೆ. ಮನುಷ್ಯರು ಕೂತು ಪುಟಪುಟ ತಿದ್ದದೆ ಗತ್ಯಂತರವಿಲ್ಲ. ಯೂನಿಕೋಡಿಗೆ ಮುಂಚೆ ಕಂಪ್ಯೂಟರಿನಲ್ಲಿ ಜೋಡಿಸಿದ ಪುಸ್ತಕಗಳ ಕಥೆ ಬೇರೆ: ಪಿಡಿಎಫ್ ಚೊಕ್ಕಟವಾಗಿ ಕಾಣುತ್ತದೆ, ನಕಲು ಮಾಡಿ ಅಂಟಿಸಿದರೆ ಅರ್ಥವಿಲ್ಲದ ರೋಮನ್ ಚಿಹ್ನೆಗಳು ಸುರಿಯುತ್ತವೆ.

ಹುಡುಕುವುದೂ ಇದೇ ಗುಣಕ್ಕೆ ಅಂಟಿಕೊಂಡ ಮಾತು. ಈ ಶತಮಾನದ ಆರಂಭದಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆ ಅಮೆರಿಕದ ಕಾರ್ನೆಗಿ ಮೆಲನ್ ವಿಶ್ವವಿದ್ಯಾಲಯದ ಜೊತೆ ಕೈಜೋಡಿಸಿದ ಡಿಜಿಟಲ್ ಲೈಬ್ರರಿ ಆಫ್ ಇಂಡಿಯಾ ಯೋಜನೆಯಲ್ಲಿ ಸಾವಿರಾರು ಕನ್ನಡ ಪುಸ್ತಕಗಳು ಸ್ಕ್ಯಾನ್ ಆದವು. ಅವುಗಳ ಪ್ರತಿಗಳು ಇಂದು ಇಂಟರ್ನೆಟ್ ಆರ್ಕೈವಿನಲ್ಲಿವೆ. ಶೀರ್ಷಿಕೆಗಳನ್ನು ಒಂದು ಕ್ರಮವಿಲ್ಲದೆ ರೋಮನ್ ಲಿಪಿಯಲ್ಲಿ ದಾಖಲಿಸಿದ್ದರಿಂದ ಕನ್ನಡದಲ್ಲಿ ಹೆಸರು ಬರೆದು ಹುಡುಕಿದವರಿಗೆ ಇದ್ದ ಪುಸ್ತಕವೂ ಇಲ್ಲವೆಂದೇ ಉತ್ತರ ಬರುತ್ತಿತ್ತು. ‘ಸಂಚಯ’ ತಂಡದವರು ಓದುಗರ ನೆರವಿನಿಂದ ಈ ಶೀರ್ಷಿಕೆಗಳನ್ನು ಕನ್ನಡಕ್ಕೆ ತಿದ್ದುವ ಕೆಲಸ ಹಿಡಿದರು. ಕಣ್ಣಿಗೆ ಬೀಳದ, ಸನ್ಮಾನವಿಲ್ಲದ ಇಂಥ ದುಡಿಮೆಯಿಂದಲೇ ಕನ್ನಡದ ಹಳೆಯ ಪುಸ್ತಕ ಇವತ್ತು ಹುಡುಕಿದವರಿಗೆ ಸಿಗುತ್ತಿದೆ.

ಪ್ರತಿಯ ಗುಣ ಎಲ್ಲರಿಗಿಂತ ಹೆಚ್ಚು ಮುಖ್ಯವಾಗುವುದು ಕಣ್ಣು ಕಾಣದ ವಿದ್ಯಾರ್ಥಿಗೆ. ಪರದೆ ಓದುವ ತಂತ್ರಾಂಶ ಕನ್ನಡದ ಯೂನಿಕೋಡ್ ಪಠ್ಯವನ್ನು ಗಟ್ಟಿಯಾಗಿ ಓದಿ ಹೇಳಬಲ್ಲದು. ಫೋಟೋದ ಮುಂದೆ ಅದು ಮೂಕ. 2012ರ ತಿದ್ದುಪಡಿ ಅಂಗವಿಕಲರಿಗಾಗಿ ಯಾವ ಕೃತಿಯನ್ನಾದರೂ ಅವರು ಬಳಸಬಲ್ಲ ರೂಪಕ್ಕೆ ತರಲು ಅನುಮತಿಯಿಲ್ಲದೆ ಅವಕಾಶ ಕೊಟ್ಟಿದೆ. ಇದೇ ಉದ್ದೇಶದ ಮರ‍್ರಾಕೇಶ್ ಒಪ್ಪಂದವನ್ನು 2014ರಲ್ಲಿ ಜಗತ್ತಿನಲ್ಲೇ ಮೊದಲು ಅನುಮೋದಿಸಿದ ದೇಶ ಭಾರತ. 2016ರಲ್ಲಿ ‘ಸುಗಮ್ಯ ಪುಸ್ತಕಾಲಯ’ ಎಂಬ ಆನ್‌ಲೈನ್ ಗ್ರಂಥಾಲಯವೂ ಶುರುವಾಯಿತು. ಹಕ್ಕಿನ ತೊಡಕು ಇಲ್ಲಿ ಇಲ್ಲವೇ ಇಲ್ಲ. ಇಷ್ಟಾದರೂ ಪಠ್ಯವಾದ ಕನ್ನಡ ಕಾದಂಬರಿಯನ್ನು ಗೆಳತಿಯೊಬ್ಬಳು ಓದಿ ಹೇಳಿದರೆ ಮಾತ್ರ ಕೇಳಬಲ್ಲ ವಿದ್ಯಾರ್ಥಿನಿ ನಮ್ಮ ಕಾಲೇಜುಗಳಲ್ಲಿ ಇರುವುದು ಸಹಿಸಬಾರದ ಸಂಗತಿ.

ಈಗ ನಾಲ್ಕನೆಯ ಮಾತಿಗೆ ಬರೋಣ: ಹೊಣೆ ಯಾರದು?

ಕಂಪನಿಗಳಿಗೆ ಬಿಟ್ಟರೆ ಏನಾಗಬಹುದು ಎಂಬುದಕ್ಕೆ 2009ರ ಜುಲೈನ ಘಟನೆ ಸಾಕು. ಅಮೆಜಾನ್ ತನ್ನ ಕಿಂಡಲ್ ಮಳಿಗೆಯಲ್ಲಿ ಮಾರಿದ್ದ ಆರ್ವೆಲ್‌ರ ಎರಡು ಕಾದಂಬರಿಗಳನ್ನು, ಅಲ್ಲಿಗೆ ಹಾಕಿದವರಿಗೆ ಅಮೆರಿಕದಲ್ಲಿ ಹಕ್ಕಿರಲಿಲ್ಲವೆಂದು ತಿಳಿದಾಗ, ಕೊಂಡವರ ಉಪಕರಣದೊಳಗಿನಿಂದಲೇ ಅಳಿಸಿಹಾಕಿತು, ಹಣ ಹಿಂದಿರುಗಿಸಿತು. ಮಿಷಿಗನ್ನಿನ ಒಬ್ಬ ಶಾಲಾ ವಿದ್ಯಾರ್ಥಿ ರಜೆಯ ಮನೆಪಾಠಕ್ಕಾಗಿ ಅದರಲ್ಲಿ ಬರೆದುಕೊಂಡಿದ್ದ ಟಿಪ್ಪಣಿಗಳು ನೆಲೆ ತಪ್ಪಿದವು. ಆತ ನ್ಯಾಯಾಲಯಕ್ಕೆ ಹೋದ. ಕಂಪನಿ ರಾಜಿ ಮಾಡಿಕೊಂಡಿತು, ಅದರ ಮುಖ್ಯಸ್ಥರು ಕ್ಷಮೆ ಕೇಳಿದರು. ಕಾಗದದ ಪುಸ್ತಕವನ್ನು ಹಾಗೆ ಯಾರೂ ರಾತ್ರೋರಾತ್ರಿ ಒಯ್ಯಲಾರರು.

ಸದುದ್ದೇಶದ ಸಂಸ್ಥೆಯೊಂದಕ್ಕೇ ಬಿಟ್ಟರೂ ಕಷ್ಟವಿದೆ. ಕೊರೊನಾ ಕಾಲದಲ್ಲಿ ಶಾಲೆಗಳು ಮುಚ್ಚಿದಾಗ ಇಂಟರ್ನೆಟ್ ಆರ್ಕೈವ್ ತಾನು ಸ್ಕ್ಯಾನ್ ಮಾಡಿದ್ದ ಪುಸ್ತಕಗಳನ್ನು, ಒಂದು ಪ್ರತಿಗೆ ಒಬ್ಬ ಓದುಗ ಎಂಬ ತನ್ನ ಮಿತಿಯನ್ನು ತೆಗೆದು, ಎಲ್ಲರಿಗೂ ಎರವಲು ಕೊಟ್ಟಿತು. 2020ರ ಜೂನ್‌ನಲ್ಲಿ ನಾಲ್ಕು ದೊಡ್ಡ ಪ್ರಕಾಶನಗಳು ದಾವೆ ಹೂಡಿದವು. 2023ರಲ್ಲಿ ತೀರ್ಪು ಆರ್ಕೈವಿನ ವಿರುದ್ಧ ಬಂತು. 2024ರ ಸೆಪ್ಟೆಂಬರಿನಲ್ಲಿ ಮೇಲ್ಮನವಿಯೂ ಬಿದ್ದುಹೋಯಿತು. ಐದು ಲಕ್ಷಕ್ಕೂ ಹೆಚ್ಚು ಪುಸ್ತಕಗಳು ಎರವಲು ಪಟ್ಟಿಯಿಂದ ಹೋದವು.

ಹಾಗಾದರೆ ದಾರಿ? ಕನ್ನಡದಲ್ಲಿ ಒಬ್ಬ ಕಾದಂಬರಿಕಾರರ ಕುಟುಂಬ ಅದನ್ನು ತೋರಿಸಿಕೊಟ್ಟಿದೆ. 2014ರಲ್ಲಿ ನಿರಂಜನರ ಐವತ್ತೈದು ಪುಸ್ತಕಗಳನ್ನು ಅವರ ಉತ್ತರಾಧಿಕಾರಿಗಳು ಕ್ರಿಯೇಟಿವ್ ಕಾಮನ್ಸ್ ಪರವಾನಗಿಯಡಿ ಬಿಡುಗಡೆ ಮಾಡಿದರು. ಕಯ್ಯೂರಿನ ರೈತ ಹೋರಾಟದ ‘ಚಿರಸ್ಮರಣೆ’ಯನ್ನು ಪಾಠ ಮಾಡುವವರು, ಲೇಖಕರ ಹೆಸರು ಹೇಳಿ, ಅದೇ ಪರವಾನಗಿ ಉಳಿಸಿಕೊಂಡು, ಪ್ರತಿಯನ್ನು ಧೈರ್ಯವಾಗಿ ಹಂಚಬಹುದು. ಅದೇ ವರ್ಷ ಮೈಸೂರು ವಿಶ್ವವಿದ್ಯಾನಿಲಯ ತನ್ನ ಕನ್ನಡ ವಿಶ್ವಕೋಶವನ್ನೂ ಇಂಥದೇ ಪರವಾನಗಿಗೆ ಒಳಪಡಿಸಿತು. ಸರ್ಕಾರದ ಮಟ್ಟದಲ್ಲಿ ತಮಿಳುನಾಡಿನ ದಾರಿ ಇನ್ನೂ ಹಳೆಯದು. ಸುಬ್ರಹ್ಮಣ್ಯ ಭಾರತಿಯವರ ಕೃತಿಗಳ ಹಕ್ಕನ್ನು ಅಲ್ಲಿನ ಸರ್ಕಾರ 1949ರಲ್ಲಿ ಪಡೆದು ಮುಂದೆ ಜನರಿಗೆ ಬಿಟ್ಟುಕೊಟ್ಟಿತು. ಆಮೇಲೆ ಕಲ್ಕಿಯವರೂ ಸೇರಿ ಅನೇಕ ಲೇಖಕರ ಕೃತಿಗಳನ್ನು, ವಾರಸುದಾರರಿಗೆ ಗೌರವಧನ ಕೊಟ್ಟು, ನಾಡಿನ ಸ್ವತ್ತಾಗಿಸಿತು. ಹತ್ತಾರು ವರ್ಷ ಕಾಯದೆ ‘ಪೊನ್ನಿಯಿನ್ ಸೆಲ್ವನ್’ ತಮಿಳು ವಿದ್ಯಾರ್ಥಿಯ ಫೋನಿಗೆ ಬಂದದ್ದು ಹೀಗೆ. ವಾರಸುದಾರರು ಒಪ್ಪುವಲ್ಲಿ ಕರ್ನಾಟಕವೂ ಇದನ್ನು ಮಾಡಬೇಕು. ನಾವು ಕಟ್ಟುವ ಆಸ್ತಿ ತೆರಿಗೆಯ ಜೊತೆ ನೂರಕ್ಕೆ ಆರರಂತೆ ಗ್ರಂಥಾಲಯ ಕರ ಸೇರಿರುತ್ತದೆ. 2020ರಲ್ಲಿ ಆರಂಭವಾದ ಸಾರ್ವಜನಿಕ ಡಿಜಿಟಲ್ ಗ್ರಂಥಾಲಯ ರಾಜ್ಯಕ್ಕಿದೆ. ಪಠ್ಯವಾದ ಕಾದಂಬರಿಗೆ ಅದಕ್ಕಿಂತ ಸಹಜವಾದ ನೆಲೆ ಬೇರೊಂದಿಲ್ಲ.

ಆದರೆ ಅತ್ಯಂತ ಸುಲಭವಾದ ಹೆಜ್ಜೆ ಇರುವುದು ಅಧ್ಯಯನ ಮಂಡಳಿಯ ಮೇಜಿನ ಮೇಲೆ. ಕಾದಂಬರಿಯೊಂದನ್ನು ಪಠ್ಯವೆಂದು ಒಪ್ಪುವ ಮೊದಲೇ ಮಂಡಳಿ ಪ್ರಕಾಶಕರಿಗೂ ಲೇಖಕರಿಗೂ ಬರೆದು, ಪ್ರತಿಗಳು ಎಷ್ಟಿವೆ, ವಿದ್ಯಾರ್ಥಿ ಆವೃತ್ತಿ ಯಾವ ಬೆಲೆಗೆ ಸಾಧ್ಯ, ಡಿಜಿಟಲ್ ಪ್ರತಿಗೆ ಎಷ್ಟು ಗೌರವಧನ, ಪರದೆ ಓದುವ ತಂತ್ರಾಂಶಕ್ಕೆ ಹೊಂದುವ ಕಡತ ಇದೆಯೇ ಎಂದು ಕೇಳಬೇಕು. ಉತ್ತರ ಬಂದ ಮೇಲೆ ಪುಸ್ತಕವನ್ನು ಗೊತ್ತುಪಡಿಸಬೇಕು. ಗೌರವಧನವನ್ನು ವಿಶ್ವವಿದ್ಯಾಲಯ ಒಟ್ಟಾಗಿ ಕೊಟ್ಟರೆ ಒಬ್ಬೊಬ್ಬ ವಿದ್ಯಾರ್ಥಿಯ ಪಾಲಿಗೆ ಬರುವುದು ಗೈಡಿನ ಬೆಲೆಗಿಂತ ಕಡಿಮೆ ಇರುವಂತೆ ನೋಡಿಕೊಳ್ಳಬಹುದು. ಕನ್ನಡ ಇ-ಪುಸ್ತಕಗಳನ್ನು ಮಾರುವ ಮೈಲ್ಯಾಂಗ್‌ನಂಥ ವೇದಿಕೆಗಳೂ ಈಗ ಇರುವುದರಿಂದ ಕಡತ ಸಿದ್ಧಪಡಿಸುವ ಕೆಲಸ ಹೊಸದೇನಲ್ಲ. ಹಂಚುವ ಪ್ರತಿಯಲ್ಲಿ ಮುಖಪುಟದ ಹಿಂದಿನ ಪುಟ, ಅಂದರೆ ಪ್ರಕಾಶಕರ ಹೆಸರು, ಮುದ್ರಣದ ವರ್ಷ, ಹಕ್ಕುದಾರರ ವಿವರ ಇರಲೇಬೇಕು. ಇಂದು ಗುಂಪುಗಳಲ್ಲಿ ಓಡಾಡುವ ಕಡತಗಳಲ್ಲಿ ಮೊದಲು ಕಳೆದುಹೋಗುವುದು ಈ ಪುಟ. ಆ ಪುಟವಿಲ್ಲದಿದ್ದರೆ ಯಾವ ಮುದ್ರಣವನ್ನು ಓದುತ್ತಿದ್ದೇವೆ ಎಂದು ಪರೀಕ್ಷಕರಿಗೂ ತಿಳಿಯದು, ಸಂಶೋಧಕರಿಗೂ ತಿಳಿಯದು.

ವಿದ್ಯಾರ್ಥಿಗಳು ಮಾಡಬಹುದಾದ ಕೆಲಸವೂ ಇದೆ. ಮುಕ್ತವಾಗಿರುವ ಕಾದಂಬರಿಗಳನ್ನು ಕನ್ನಡ ವಿಕಿಸೋರ್ಸ್‌ನಲ್ಲಿ ತಿದ್ದಿ ಪಠ್ಯರೂಪಕ್ಕೆ ತರುವುದನ್ನು ಪದವಿ ತರಗತಿಯ ಕಿರುಯೋಜನೆಯಾಗಿ ಒಪ್ಪಿಕೊಂಡರೆ ಒಂದು ತರಗತಿ ಒಂದು ಸೆಮಿಸ್ಟರಿನಲ್ಲಿ ಒಂದು ಕಾದಂಬರಿಯನ್ನು ಮುಗಿಸಬಹುದು. ಪುಟ ತಿದ್ದುವವರು ಓದುವಷ್ಟು ಗಮನವಿಟ್ಟು ಪರೀಕ್ಷೆಗೆ ಓದುವವರೂ ಓದುವುದಿಲ್ಲ. ಮೊದಲಿಗೆ ತ್ರಿವೇಣಿ, ದೇವುಡು ಸಾಕು.

ಅವರ ನಂತರ ಸರದಿ ಅ. ನ. ಕೃಷ್ಣರಾಯರದು. ಅನಕೃ 1971ರ ಜುಲೈಯಲ್ಲಿ ತೀರಿಕೊಂಡರು. ನೂರಕ್ಕೂ ಹೆಚ್ಚು ಕಾದಂಬರಿ ಬರೆದು ಕನ್ನಡಕ್ಕೆ ಓದುಗರನ್ನು ಸೃಷ್ಟಿಸಿದವರು. ‘ಸಂಧ್ಯಾರಾಗ’ವೂ ಸೇರಿ ಅವರು ಬದುಕಿದ್ದಾಗ ಪ್ರಕಟವಾದ ಕಾದಂಬರಿಗಳು 2032ರ ಜನವರಿ 1ಕ್ಕೆ ಮುಕ್ತವಾಗುತ್ತವೆ. ಅವುಗಳಲ್ಲಿ ಹಲವು ಇಂದು ಅಂಗಡಿಯಲ್ಲಿ ಸಿಗುವುದಿಲ್ಲ; ಹಳೆಯ ಮುದ್ರಣಗಳು ಜಿಲ್ಲಾ ಗ್ರಂಥಾಲಯಗಳ, ಹಳೆಯ ಕಾಲೇಜುಗಳ ಕಪಾಟಿನಲ್ಲಿ ಪುಡಿಯಾಗುತ್ತಿವೆ. ಸಂರಕ್ಷಣೆಗಾಗಿ ಅವನ್ನು ಡಿಜಿಟಲ್ ರೂಪದಲ್ಲಿ ಇಟ್ಟುಕೊಳ್ಳಲು ಸಾರ್ವಜನಿಕ ಗ್ರಂಥಾಲಯಗಳಿಗೆ ಕಾಯ್ದೆಯ ಅನುಮತಿ ಇವತ್ತೇ ಇದೆ. ಯಾವ ಕಾದಂಬರಿಯ ಯಾವ ಮುದ್ರಣ ಯಾವ ಊರಿನ ಗ್ರಂಥಾಲಯದಲ್ಲಿದೆ ಎಂಬ ಪಟ್ಟಿ ಮೊದಲು ಆಗಬೇಕು. ಈ ಸಭೆಯಲ್ಲಿರುವ ಗ್ರಂಥಪಾಲಕರು ತಮ್ಮ ತಮ್ಮ ಕಪಾಟಿನಿಂದ ಅದನ್ನು ಆರಂಭಿಸಬಹುದು.